ಪೋರ್ಚುಗಲ್‌ನವರೊಂದಿಗೆ ಸಂಬಂಧದ ಮಾತು

ನನ್ನಲ್ಲಿ ಇಲ್ಲದ ಗುಣಗಳು ಬಹಳ. ಆದರೆ ಸಂಬಂಧ ಕುದುರಿಸುವುದರಲ್ಲಿ ನನ್ನನ್ನು ಮೀರಿಸುವವರು ಶಕ್ತಿನಗರದಿಂದ ಪಡೀಲ್‌ವರೆಗೆ ಯಾರೂ ಇಲ್ಲವೆಂದು ಸಂಕೋಚವಿಲ್ಲದೆ ಹೇಳಬಲ್ಲೆ. ನಮ್ಮದು ತಾಯಿಯ ಕಡೆಯಿಂದ ಬಳಿ, ಅಂದರೆ ವಂಶ, ಹಿಡಿಯುವ ಕುಟುಂಬ. ಅಕ್ಕತಂಗಿಯರ ಮಕ್ಕಳ ವಿಷಯದಲ್ಲಿ ಅಪ್ಪ ಎಷ್ಟೇ ದೊಡ್ಡ ಮನುಷ್ಯನಾಗಿರಲಿ, ಕೊನೆಯ ಮಾತು ಸೋದರಮಾವನದ್ದು. ಆ ಹಕ್ಕಿನ ಬಲದಿಂದ ನಾನು ಹನ್ನೊಂದು ಮದುವೆಗಳನ್ನು ಮಾತಾಡಿ ಮುಗಿಸಿದ್ದೇನೆ. ನಂತೂರಿನ ಹತ್ತಿರ ನನ್ನದೊಂದು ಹೋಟೆಲು. ಇಡೀ ದಿನ ಲಾರಿಗಳ ಹಾರ್ನಿನ ಮೇಲೆ ಗಂಟಲೇರಿಸಿ ಅಭ್ಯಾಸವಿರುವುದರಿಂದ ಎದುರಿನವರಿಗೆ ಬಾಯಿ ತೆರೆಯಲು ಎಡೆಯೇ ಸಿಗುವುದಿಲ್ಲ. ನನ್ನ ವಿಧಾನ ಸರಳ. ಹುಡುಗಿ ಹೇಗೆ ಎಂದು ಕೇಳಿದರೆ, "ತುಂಬಾ ಪಾಪದ ಹುಡುಗಿ, ಎದುರು ಮಾತಾಡ್ಲಿಕ್ಕೇ ಗೊತ್ತಿಲ್ಲ" ಎನ್ನುವುದು. ಹನ್ನೊಂದರಲ್ಲಿ ಒಂಬತ್ತು ಹುಡುಗಿಯರು ಮದುವೆಯಾದ ವಾರದೊಳಗೆ ಎದುರು ಮಾತಾಡಿದರೆಂದು ದೂರು ಬಂದದ್ದುಂಟು. ಅಷ್ಟರಲ್ಲಿ ಮದುವೆಯ ಊಟ ಮುಗಿದಿರುತ್ತದೆ, ಯಾರೂ ಏನೂ ಮಾಡುವಂತಿಲ್ಲ.

ಹೀಗಿರುವಾಗ ಅಕ್ಕನ ಮಗಳು ದೀಕ್ಷಾಳಿಗೆ ಪೋರ್ಚುಗಲ್‌ನಿಂದ ಕರೆ ಬಂತು. ಮದುವೆಗಲ್ಲ, ಬಾಸ್ಕೆಟ್‌ಬಾಲಿಗೆ. ಆರಡಿಗೆ ಒಂದೇ ಇಂಚು ಕಡಿಮೆ ಇರುವ ಈ ಹುಡುಗಿ ನಾಲ್ಕು ವರ್ಷ ಕಾಲೇಜಿನ ತಂಡದಲ್ಲಿ ಬುಟ್ಟಿಯ ಬುಡದಲ್ಲಿ ನಿಂತು ಆಡಿದವಳು. ನಾನು ಅವಳ ಒಂದು ಪಂದ್ಯಕ್ಕೆ ಹೋಗಿದ್ದೆ. ಜೋರಾಗಿ ಸೀಟಿ ಊದಿದರು, ಎಲ್ಲರೂ ಬೆವರು ಒರೆಸಿಕೊಂಡು ನೀರು ಕುಡಿದರು. ನಾನೂ ಎದ್ದು ಬಂದು, "ನಿನ್ನ ಮಗಳು ಗೆದ್ದಳು" ಎಂದು ಅಕ್ಕನಿಗೆ ಫೋನ್ ಮಾಡಿದೆ. ಆಟ ಅರ್ಧವಷ್ಟೇ ಆಗಿತ್ತಂತೆ. ಉಳಿದ ಅರ್ಧದಲ್ಲಿ ಅವರು ಸೋತರು. ಅಂದಿನಿಂದ ಅವಳು ನನ್ನನ್ನು ಆಟಕ್ಕೆ ಕರೆಯಲಿಲ್ಲ, ನಾನೂ ಒತ್ತಾಯಿಸಲಿಲ್ಲ.

ಅವಳ ಕೋಚ್ ಕಳಿಸಿದ ವಿಡಿಯೋಗಳನ್ನು ನೋಡಿ ಅಲ್ಲಿನ ಕಡಲ ತೀರದ ಸಣ್ಣ ಊರಿನ ಕ್ಲಬ್ಬೊಂದು ಅವಳನ್ನು ಸಂಬಳ ಕೊಟ್ಟು ಆಡಿಸಲು ತಯಾರಾಗಿತ್ತು. ಪೋರ್ಚುಗೀಸರು ನಮ್ಮ ಕರಾವಳಿಗೆ ಹೊಸಬರಲ್ಲ. ಹಿಂದೆ ಬಂದಾಗ ಯಾರನ್ನೂ ಕೇಳದೆ ಹಡಗು ತಂದು ನಿಲ್ಲಿಸಿದ್ದರು. ಈ ಸಲ ಮರ್ಯಾದೆಯಿಂದ ಮೊದಲು ಇಮೇಲ್ ಕಳಿಸಿದ್ದರು. ನನಗೆ ಈ ಸುಧಾರಣೆ ಹಿಡಿಸಿತು. ಅಕ್ಕ ಮಾತ್ರ, "ಸದಾ, ನೀನೊಮ್ಮೆ ಅವರ ಹತ್ರ ಮಾತಾಡು ಮಾರಾಯ. ಮಾಮ ಮಾತಾಡದೆ ಹುಡುಗಿಯನ್ನು ಕಳಿಸಿದ್ರೆ ನಾಳೆ ಜನ ಎಂತ ಹೇಳುವುದು?" ಎಂದಳು. ಕ್ಲಬ್ಬಿನ ಅಧ್ಯಕ್ಷೆ ತೆರೇಜಾ ಎಂಬ ಹೆಂಗಸು ಅಲ್ಲಿ ಬೇಕರಿ ನಡೆಸುವವರು. ವಿಡಿಯೋದಲ್ಲಿ ಆಟ ಕಾಣುತ್ತದೆ, ಹುಡುಗಿಯ ಸ್ವಭಾವ ಕಾಣುವುದಿಲ್ಲ. ಸಣ್ಣಂದಿನಿಂದ ನೋಡಿದ ಹಿರಿಯರೊಬ್ಬರು ಮಾತಾಡಿದರೆ ತಮಗೂ ಒಳ್ಳೆಯದೇ ಎಂದು ಅವರು ಒಪ್ಪಿದರು.

ಒಂದು ಭಾನುವಾರ ಮಧ್ಯಾಹ್ನ ಶಕ್ತಿನಗರದ ನಮ್ಮ ಮನೆಯಲ್ಲಿ ಮಾತುಕತೆ ಇಟ್ಟುಕೊಂಡೆವು. ನಾನು ಬಿಳಿ ಅಂಗಿ ತೊಟ್ಟೆ. ಹೆಂಡತಿ ವಸಂತಿ ಅಭ್ಯಾಸಬಲದಿಂದ ಲ್ಯಾಪ್‌ಟಾಪಿನ ಎದುರಿಗೂ ಒಂದು ತಟ್ಟೆ ಗೋಳಿಬಜೆ ತಂದಿಟ್ಟಳು. ಹಿರಿಯರು ಮಾತಾಡುವಾಗ ಹುಡುಗಿ ಕೂತಿರುವ ಪದ್ಧತಿ ನಮ್ಮಲ್ಲಿಲ್ಲವಾದ್ದರಿಂದ ದೀಕ್ಷಾಳನ್ನು ಒಳಗೆ ಕಳಿಸಿದೆ. ಆಮೇಲೆ ನನ್ನ ಹೋಟೆಲಿನ ಇಂಗ್ಲಿಷಿನಲ್ಲಿ ಅವರ ಮನೆಯಲ್ಲಿ ಎಷ್ಟು ಜನ, ಬಾವಿಯ ನೀರು ಹೇಗೆ, ಬಂಗುಡೆ ಮೀನು ಸಿಗುತ್ತದೆಯೇ ಎಂದೆಲ್ಲ ವಿಚಾರಿಸಿದೆ. ಆಕೆ ತಾಳ್ಮೆಯಿಂದ ಉತ್ತರಿಸಿ ಹುಡುಗಿಯ ಸ್ವಭಾವ ಕೇಳಿದರು. ನಾನು ಗಂಟಲು ಸರಿಮಾಡಿಕೊಂಡೆ. ತುಂಬಾ ಪಾಪದ ಹುಡುಗಿ ಎಂದೆ. ಯಾರಿಗೂ ಅಡ್ಡ ಬರುವವಳಲ್ಲ, ಯಾರಾದರೂ ದೂಡಿದರೆ ತಾನೇ ಬದಿಗೆ ಸರಿಯುತ್ತಾಳೆ, ಬೈದರೆ ತಲೆ ತಗ್ಗಿಸುತ್ತಾಳೆ, ತನಗೆ ಸಿಕ್ಕಿದ್ದನ್ನು ಕೂಡಲೇ ಬೇರೆಯವರಿಗೆ ಕೊಟ್ಟುಬಿಡುತ್ತಾಳೆ ಎಂದೆ. ಮೀನು ಸಾರನ್ನೂ ಚೆನ್ನಾಗಿ ಮಾಡುತ್ತಾಳೆಂದು ಸೇರಿಸಿದೆ. ಆಕೆ ಯೋಚಿಸಿ ತಿಳಿಸುತ್ತೇವೆಂದರು. ಹನ್ನೆರಡನೆಯದ್ದೂ ಕುದುರಿತೆಂದು ನಾನು ಗೋಳಿಬಜೆಗೆ ಕೈಹಾಕಿದೆ.

ಮರುದಿನ ದೀಕ್ಷಾ ಫೋನ್ ಹಿಡಿದು ಹೋಟೆಲಿಗೇ ಬಂದಳು. ಇಮೇಲ್ ಬಂದಿತ್ತು. ನಿಮ್ಮ ಮಾವನ ಮಾತು ಕೇಳಿದರೆ ನೀವು ಬಹಳ ಸೌಮ್ಯ ಹುಡುಗಿಯೆಂದು ಕಾಣುತ್ತದೆ, ನಮಗೆ ಬೇಕಾದದ್ದು ಬುಟ್ಟಿಯ ಕೆಳಗೆ ಗುದ್ದಾಡುವವರು, ಹಿಂದೆ ಬಂದ ಇಬ್ಬರು ಸೌಮ್ಯ ಹುಡುಗಿಯರು ಅತ್ತು ಊರಿಗೆ ಹೋದರು, ಆದ್ದರಿಂದ ಇನ್ನೊಬ್ಬಳನ್ನು ನೋಡುತ್ತಿದ್ದೇವೆ ಎಂದು ಬರೆದಿದ್ದರು.

"ಸೌಮ್ಯ ಅಂತ ಹೊಗಳಿದ್ದಾರಲ್ಲ" ಎಂದೆ.

"ಮಾಮ, ಅದು ಹೊಗಳಿಕೆ ಅಲ್ಲ. ಬೇಡ ಅಂತ ಹೇಳಿದ್ದು" ಎಂದಳು. "ನಾಲ್ಕು ವರ್ಷ ಬೆಳಿಗ್ಗೆ ಐದು ಗಂಟೆಗೆ ಗ್ರೌಂಡಿಗೆ ಹೋಗಿದ್ದೇನೆ. ಇನ್ನೊಂದು ಸಲ ಇಂಥ ಕರೆ ಬರ್ಲಿಕ್ಕಿಲ್ಲ. ನೀವು ಹೇಳಿದ ಹುಡುಗಿ ಯಾರು ಮಾಮ? ನಾನು ಹಾಗೆ ಉಂಟಾ?"

ನನಗೆ ನಿಜವಾಗಿ ನಾಚಿಕೆಯಾಯಿತು. ಇಪ್ಪತ್ತೊಂದು ವರ್ಷ ಕಣ್ಣೆದುರು ಬೆಳೆದ ಹುಡುಗಿಯ ಬಗ್ಗೆ ಮಾತಾಡೆಂದರೆ, ಯಾವ ಮನೆಗೂ ಒಪ್ಪುವ ಯಾವುದೋ ಹುಡುಗಿಯ ಬಗ್ಗೆ ಮಾತಾಡಿ ಬಂದಿದ್ದೆ. ನೀನೇ ಬರೆದು ತಿದ್ದಬಹುದಲ್ಲ ಎಂದರೆ ಅವಳು ಒಪ್ಪಲಿಲ್ಲ. "ನಾನು ಬರೆದ್ರೆ ಬಡಾಯಿ ಆಗ್ತದೆ. ಹೇಳಿದ್ದು ನೀವು, ಸರಿ ಮಾಡ್ಬೇಕಾದದ್ದೂ ನೀವೇ. ಈ ಸಲ ನಾನು ಪಕ್ಕದಲ್ಲೇ ಕೂತ್ಕೊಳ್ತೇನೆ" ಎಂದಳು.

ಎರಡನೆಯ ಮಾತುಕತೆಗೆ ತೆರೇಜಾರನ್ನು ಒಪ್ಪಿಸುವಷ್ಟರಲ್ಲಿ ದೀಕ್ಷಾಳಿಗೆ ಸಾಕಾಗಿತ್ತು. ಸಂಬಂಧದ ಮಾತಿಗೆ ಕೂತು ಹುಡುಗಿಯ ಐಬು ಹೇಳುವುದು ನನಗೆ ಜೀವಮಾನದಲ್ಲಿ ಅದೇ ಮೊದಲು. ಹಠಮಾರಿ ಎಂದು ಶುರುಮಾಡಿದೆ. ನಂತೂರಿನಲ್ಲಿ ನಿಲ್ಲಿಸದೆ ಹೊರಟ ಬಸ್ಸಿನ ಎದುರು ಬ್ಯಾಗ್ ಹಿಡಿದು ಅಡ್ಡ ನಿಂತಿದ್ದನ್ನು ಹೇಳಿದೆ. ಡ್ರೈವರ್ ಬೈದಷ್ಟೂ ಇವಳು ತಿರುಗಿ ಬೈದು, ಕೊನೆಗೆ ಹತ್ತಿಕೊಂಡೇ ಹೋದಳು. ಬಟ್ಟೆಯ ವಿಷಯಕ್ಕೆ ನಾನು ಒಂದು ಮಾತು ಹೇಳಿದ್ದಕ್ಕೆ ಮೂರು ತಿಂಗಳು ನನ್ನೊಡನೆ ಮಾತು ಬಿಟ್ಟಿದ್ದನ್ನೂ ಹೇಳಿದೆ. ಹೇಳುತ್ತಾ ಹೋದಂತೆ ನನಗೇ ಉತ್ಸಾಹ ಬಂತು. ಅಂಗಳದಲ್ಲಿ ಅವಳು ಚೆಂಡು ಹಾರಿಸುವಾಗ ನಾನು ತಪ್ಪಿ ಬುಟ್ಟಿಯ ಕೆಳಗೆ ನಿಂತಿದ್ದೆ, ಅವಳ ಮೊಣಕೈ ಬಡಿದು ನನ್ನ ಮುಂದಿನ ಹಲ್ಲು ಹೋಯಿತು. ಕ್ಷಮಿಸಿ ಎನ್ನುವ ಬದಲು, "ಮಾಮ, ನೀವು ಅಲ್ಲಿ ಯಾಕೆ ನಿಂತದ್ದು?" ಎಂದು ನನಗೇ ಜೋರು ಮಾಡಿದಳು ಎಂದೆ. ಸಾಕ್ಷಿಗೆ ಕಟ್ಟಿಸಿದ ಹಲ್ಲನ್ನು ಕಳಚಿ ಕ್ಯಾಮೆರಾಕ್ಕೆ ತೋರಿಸಿದೆ. ತೆರೇಜಾ ನಗುತ್ತಾ ಬೇಕರಿಯ ಒಳಗಿನಿಂದ ಯಾರನ್ನೋ ಕೂಗಿ ಕರೆದರು. ಹಿಟ್ಟು ಮೆತ್ತಿದ ಕೈಗಳ ಇಬ್ಬರು ಗಂಡಸರು ಬಂದು ನನ್ನ ಹಲ್ಲನ್ನು ನೋಡಿಹೋದರು. ಆ ವಾರವೇ ಕಾಗದಪತ್ರ ಬಂತು.

ಈಗ ಅವಳಿಗೆ ಅಲ್ಲಿ ಮೂರನೆಯ ವರ್ಷ. ತಂಡಕ್ಕೆ ಅವಳೇ ನಾಯಕಿ. ಒಪ್ಪಂದದ ಮಾತನ್ನು ಈಗ ಅವಳೇ ಆಡುತ್ತಾಳೆ, ನನಗಿಂತ ಚೆನ್ನಾಗಿಯೇ. ಬುಟ್ಟಿಯ ಕೆಳಗೆ ಅವಳು ಇಬ್ಬರ ನಡುವಿನಿಂದ ಚೆಂಡು ಕಿತ್ತುಕೊಳ್ಳುವುದನ್ನು ಫೋನಿನಲ್ಲಿ ನೋಡುವಾಗ ನನ್ನ ಎದೆ ಉಬ್ಬುತ್ತದೆ. ಸೀಟಿ ಊದಿದರೂ ನಾನು ಏಳುವುದಿಲ್ಲ.

ಕಳೆದ ತಿಂಗಳು ಪಡೀಲ್ ಕಡೆಯ ಒಂದು ಒಳ್ಳೆಯ ಮನೆಯವರು ದೀಕ್ಷಾಳನ್ನು ಕೇಳಿಕೊಂಡು ಬಂದರು. ಅವಳನ್ನು ಮೊದಲೇ ಫೋನಿನಲ್ಲಿ ಕೇಳಿದಾಗ, "ಮಾತಾಡಿ ಮಾಮ, ಆದ್ರೆ ಸತ್ಯ ಹೇಳಿ" ಎಂದಿದ್ದಳು. ಹೇಳಿದೆ. ಹಲ್ಲನ್ನೂ ತೋರಿಸಿದೆ. ಹುಡುಗನ ಮಾವ ಗೋಳಿಬಜೆಯನ್ನು ತಟ್ಟೆಗೆ ವಾಪಸಿಟ್ಟು, "ಹುಡುಗಿಯಲ್ಲಿ ಒಳ್ಳೆದು ಎಂತದೂ ಇಲ್ವಾ ಮಾರಾಯ್ರೆ?" ಎಂದು ಕೇಳಿದರು. "ಇಷ್ಟು ಹೊತ್ತು ನಾನು ಒಳ್ಳೆದನ್ನೇ ಹೇಳಿದ್ದು" ಎಂದೆ. ಅವರು ಕಾಫಿಗೆ ಕಾಯಲಿಲ್ಲ. ಅಕ್ಕ ಸಿಟ್ಟಿನಿಂದ ಒಳಗೆ ಹೋಗಿ ಬಾಗಿಲು ಹಾಕಿಕೊಂಡಳು. ನನಗೆ ಮಾತ್ರ ಒಂದಿಷ್ಟೂ ಬೇಸರವಾಗಲಿಲ್ಲ. ಇಷ್ಟು ವರ್ಷಗಳಲ್ಲಿ ಮೊದಲ ಬಾರಿಗೆ ಒಂದೇ ಒಂದು ಸುಳ್ಳಿಲ್ಲದೆ ಸಂಬಂಧದ ಮಾತಾಡಿದ್ದೇನೆ ಎಂದು ವಸಂತಿಯ ಎದುರು ಹೆಮ್ಮೆಯಿಂದ ಹೇಳಿಕೊಂಡೆ.

ಅವಳು ತಟ್ಟೆಗಳನ್ನು ಒಂದರ ಮೇಲೊಂದು ಇಡುತ್ತಾ ಹೇಳಿದಳು: "ಎಲ್ಲ ಸರಿಯೇ ಹೇಳಿದ್ರಿ. ಆದ್ರೆ ಗೊರಕೆ ಹೊಡೆದು ಮನೆಯವರನ್ನೆಲ್ಲ ಏಳಿಸ್ತಾಳೆ ಅಂದ್ರಲ್ಲ, ಅದು ಅವಳಲ್ಲ. ಅದು ನೀವು."