ಇಲ್ಲದ ಹೆಂಡತಿಯ ಬಳೆ ಸದ್ದು

ಒಂಟಿ ಗಂಡಸಿನ ಕೋಣೆಯಲ್ಲಿ ಬಳೆ ಸದ್ದಾದರೆ ಊರಿಗೆ ಅದಕ್ಕಿಂತ ದೊಡ್ಡ ಸುದ್ದಿ ಬೇಕಿಲ್ಲ. ನನ್ನ ಕೋಣೆಯಲ್ಲಿ ಅದು ದಿನವೂ ಆಗುತ್ತಿತ್ತು. ಬಳೆ ತೊಟ್ಟವನು ನಾನೇ ಎಂಬುದಷ್ಟೇ ಬೇಸರದ ಸಂಗತಿ. ಸಿನಿಮಾಗಳಿಗೆ ಸಂಗೀತ ಕೊಡುತ್ತೇನೆಂದು ಮದರಾಸಿಗೆ ಹೋದವನು ನಾನು. ಹಾಡು ಮಾಡಿಸುವವರು ಸಿಗದೆ, ಪರದೆಯ ಮೇಲಿನವರಿಗೆ ಹೆಜ್ಜೆ ಸಪ್ಪಳ, ಬಾಗಿಲ ಕಿರುಗುಟ್ಟುವಿಕೆಗಳನ್ನು ಮಾಡಿಕೊಡುತ್ತ ಅವುಗಳ ಜೊತೆಗೇ ಸಂಸಾರ ಹೂಡಿದ್ದೆ. ಎಪ್ಪತ್ತರ ದಶಕದ ಕೊನೆಯಲ್ಲಿ ಒಬ್ಬ ನಿರ್ದೇಶಕರು ಹಿನ್ನೆಲೆ ಸಂಗೀತವನ್ನೂ ಸದ್ದುಗಳನ್ನೂ ಒಟ್ಟಿಗೆ ನನಗೊಪ್ಪಿಸಿದರು. ಕತೆ ಶೃಂಗೇರಿ ಕಡೆಯದು. "ಅಲ್ಲೇ ಹೋಗಿ ಕೂತು ಸದ್ದು ಹಿಡಿದು ತಾ" ಎಂದರು. ಹಾಗೆ ಟೇಪ್ ರೆಕಾರ್ಡರ್ ಹೊತ್ತು ಕೊಪ್ಪಕ್ಕೆ ಬಂದು, ಕಾಸಿಂ ಸಾಹೇಬರ ಅಂಗಡಿಯ ಮೇಲಿನ ಕೋಣೆ ಹಿಡಿದೆ.

ಹಕ್ಕಿ, ಹೊಳೆ, ಬಸ್ಸು ಎಲ್ಲ ಬೇಗ ಸಿಕ್ಕವು. ಸಿಗದೆ ಕಾಡಿದವಳು ನಾಯಕಿ. ಚಿತ್ರದಲ್ಲಿ ಬಹಳ ದಿನದ ಮೇಲೆ ಗಂಡ ಬಂದು ಬಾಗಿಲು ತಟ್ಟುತ್ತಾನೆ, ಅವಳು ಎದ್ದು ಹೋಗಿ ತೆಗೆಯಬೇಕು. ಅವಳ ಹೆಜ್ಜೆಯ ಸದ್ದಿಗೆಂದು ನಾನೇ ಬಳೆ ತೊಟ್ಟು, ಗೆಜ್ಜೆ ಕಟ್ಟಿಕೊಂಡು ನಡೆದೇ ನಡೆದೆ. ಟೇಪು ತಿರುಗಿಸಿ ಕೇಳಿದರೆ, ರೇಷನ್ ಅಂಗಡಿಯ ಸಾಲಿನಲ್ಲಿ ಮುಂದೆ ಸರಿಯುತ್ತಿರುವವಳ ಹಾಗಿತ್ತು.

ಒಂದು ಮಧ್ಯಾಹ್ನ ಕಾಸಿಂ ಸಾಹೇಬರ ಹೆಂಡತಿ ಜೈನಾಬಿ, ಇಬ್ಬರಿಗಾಗುವಷ್ಟು ಊಟ ಮುಚ್ಚಿದ ತಟ್ಟೆಯ ಮೇಲೆ ಒಂದು ಮೊಳ ಮಲ್ಲಿಗೆಯಿಟ್ಟುಕೊಂಡು ತೆರೆದ ಬಾಗಿಲಲ್ಲಿ ನಿಂತರು. "ಮನೆಯವ್ರು ಬಂದದ್ದು ಹೇಳ್ಲೇ ಇಲ್ವಲ್ಲ ನೀವು. ಬೆಳಿಗ್ಗೆಯಿಂದ ಬಳೆ ಸದ್ದು ಕೇಳ್ತಾ ಉಂಟು." ನಾನು ಕೈ ಎತ್ತಿದೆ. ಬಳೆಗಳೇ ಉತ್ತರ ಹೇಳಿದವು. ಅವರು ನಕ್ಕು ನಕ್ಕು ಮೆಟ್ಟಿಲ ಮೇಲೆ ಕೂತುಬಿಟ್ಟರು. ಮಾನ ಉಳಿಸಿಕೊಳ್ಳಲು ಕೆಲಸವನ್ನು ವಿವರಿಸಿ, ನಡೆದೂ ತೋರಿಸಿದೆ. ಅವರ ನಗು ನಿಂತಿತು.

"ಬಾಗಿಲಾಚೆ ಯಾರೂ ಇಲ್ಲ ಅಂತ ಗೊತ್ತಿದ್ದವರ ಹಾಗೆ ನಡೀತೀರಲ್ಲ ಮಾರಾಯ್ರೆ."

"ಯಾರೂ ಇಲ್ವಲ್ಲ" ಎಂದೆ.

ಅವರು ತಟ್ಟೆಯನ್ನೂ ಹೂವನ್ನೂ ಅಲ್ಲೇ ಬಿಟ್ಟು ಇಳಿದುಹೋದರು. ಇಬ್ಬರ ಊಟವನ್ನೂ ನಾನೇ ಮುಗಿಸಿದೆ. ನನ್ನ ಪಾಲಿನ ದಾಂಪತ್ಯಸುಖ ಅಷ್ಟೇ.

ಮರುದಿನ ಮತ್ತೆ ಬಾಗಿಲು ಮುಚ್ಚಿ, ಸದ್ದು ಹಿಡಿಯಲು ಟೇಪು ಹಾಕಿ, ನಡೆಯಲು ಗೋಡೆಯ ಹತ್ತಿರ ನಿಂತಿದ್ದೆ. ಯಾರೋ ಬಾಗಿಲು ತಟ್ಟಿದರು. ಆ ಊರಿಗೆ ಬಂದಮೇಲೆ ನನ್ನ ಬಾಗಿಲನ್ನು ಯಾರೂ ತಟ್ಟಿರಲಿಲ್ಲ. ಬಳೆ, ಗೆಜ್ಜೆ ಯಾವುದರ ನೆನಪೂ ಇಲ್ಲದೆ ಓಡಿಹೋಗಿ ತೆಗೆದೆ. ಕಾಸಿಂ ಸಾಹೇಬರು ನನ್ನ ಕೈಕಾಲು ನೋಡದವರಂತೆ, "ಊಟಕ್ಕೆ ಕೆಳಗೆ ಬನ್ನಿ. ಒಬ್ರೇ ಉಣ್ಣೋದು ಬೇಡ ಅಂತ ಹೇಳಿದ್ಲು ಇವಳು" ಎಂದರು.

ಉಂಡು ಬರುವಷ್ಟರಲ್ಲಿ ಟೇಪು ಮುಗಿದಿತ್ತು. ಹಿಂದಕ್ಕೆ ಸುತ್ತಿ ಕೇಳಿದೆ. ತಟ್ಟಿದ ಸದ್ದು, ಅದರ ಬೆನ್ನಿಗೇ ಓಟ. ಚಿತ್ರದಲ್ಲಿ ಉಳಿದದ್ದು ಅದೇ. ನರಸಿಂಹರಾಜಪುರದ ಟೆಂಟ್ ಸಿನಿಮಾದಲ್ಲಿ ಆ ದೃಶ್ಯಕ್ಕೆ ಹೆಂಗಸರು ಕಣ್ಣೊರೆಸಿಕೊಂಡರಂತೆ.

ಆಮೇಲೆ ಮದರಾಸಿನಲ್ಲಿ ನನಗೆ ಕೆಲಸಕ್ಕೆ ಕೊರತೆಯಾಗಲಿಲ್ಲ. ಎಷ್ಟೋ ನಾಯಕಿಯರನ್ನು ಬಾಗಿಲಿಗೆ ಓಡಿಸಿದೆ. ಒಬ್ಬಳೂ ಆ ರಭಸದಲ್ಲಿ ಓಡಲಿಲ್ಲ. ನಿರ್ದೇಶಕರು ನನಗೆ ವಯಸ್ಸಾಯಿತೆಂದುಕೊಂಡರು, ನಾನೂ ಹೌದೆಂದೆ. ಸ್ಟುಡಿಯೋದಲ್ಲಿ ಸದ್ದು ಹಿಡಿಯುವಾಗ ಬಾಗಿಲ ಮೇಲೊಂದು ಕೆಂಪು ದೀಪ ಹೊತ್ತಿಕೊಳ್ಳುತ್ತದೆ. ಅದು ಉರಿಯುವಷ್ಟು ಹೊತ್ತು ಯಾರೂ ತಟ್ಟುವಂತಿಲ್ಲ.