ಗಂಡಸರು ನೋಡಬಾರದ ಶಾವಿಗೆ

ಗಜೇಂದ್ರಗಡದಿಂದ ನರಗುಂದದವರೆಗೆ ಹುಡುಕಿದರೂ ನನ್ನ ಸೋದರತ್ತೆಯಷ್ಟು ಚೆಂದವಾಗಿ ಸುಳ್ಳು ಹೇಳುವವರು ನಿಮಗೆ ಸಿಗುತ್ತಿರಲಿಲ್ಲ! ಅವಳನ್ನು ಕೊಟ್ಟದ್ದು ಕೊಣ್ಣೂರಿಗೆ. ಐವತ್ತರ ದಶಕದ ಆ ದಿನಗಳಲ್ಲಿ ಪ್ರತಿ ಬೇಸಿಗೆಗೆ ಶಾವಿಗೆ ಮಾಡಿಸುವ ನೆಪದಲ್ಲಿ ಸೂಡಿಯ ನಮ್ಮ ಮನೆಗೆ ಬರುತ್ತಿದ್ದಳು. ಬಂದವಳೇ ನನ್ನನ್ನೂ ಓಣಿಯ ಹತ್ತು-ಹನ್ನೆರಡು ವರ್ಷದ ಹುಡುಗಿಯರನ್ನೆಲ್ಲ ಹಿತ್ತಲಿಗೆ ಕರೆದು, ಗಂಡಸರಿಗೆ ಕಟ್ಟಪ್ಪಣೆ ಹೊರಡಿಸುತ್ತಿದ್ದಳು: “ಗಂಡಸರ ನೆಳ್ಳು ಬಿದ್ರ ಶಾವಿಗಿ ಎಳಿ ಹರಿತಾವ. ಯಾರೂ ಈ ಕಡೆ ಹಾಯಬ್ಯಾಡ್ರಿ.”

ಇಂಥ ಶಾಸ್ತ್ರ ಯಾವ ಪುರಾಣದಲ್ಲಿದೆ? ಎಲ್ಲೂ ಇಲ್ಲ. ಒಮ್ಮೆ ನಮ್ಮಪ್ಪ ಮರೆತು, ಒಣಹಾಕಿದ ರುಮಾಲು ತೆಗೆದುಕೊಳ್ಳಲು ಹಿತ್ತಲಿಗೆ ಬಂದುಬಿಟ್ಟ. ಅತ್ತೆ ಸೆರಗಿನ ಮರೆಯಲ್ಲಿ ತಾನೇ ನಾಲ್ಕೆಳೆ ಚಿವುಟಿ, “ನೋಡಪಾ ತಮ್ಮಾ, ಹರದ ಹೋದ್ವು” ಎಂದು ಅವನ ಮುಂದೆ ಹಿಡಿದಳು. ಅಂದಿನಿಂದ ಅಪ್ಪ ತಲಬಾಗಿಲಲ್ಲಿ ಕೋಲು ಹಿಡಿದು ಕಾವಲು ಕೂತ. ಊಟಕ್ಕೆ ಬಂದ ನಮ್ಮಜ್ಜನನ್ನೇ ಗುಡಿಗೆ ಅಟ್ಟಿದ!

ಹಿತ್ತಲಲ್ಲಿ ನಡೆಯುತ್ತಿದ್ದದ್ದು ಬೇರೆಯೇ ಶಾಲೆ. ಹುಡುಗಿ ದೊಡ್ಡವಳಾಗುವುದೆಂದರೆ ಏನೆಂದು ಆಗ ಯಾರೂ ಬಾಯಿ ಬಿಡುತ್ತಿರಲಿಲ್ಲ. ಅಕ್ಕಂದಿರು ಮೂರು ದಿನ ಮೂಲೆ ಹಿಡಿದರೆ ನಮಗೆ ಸಿಗುತ್ತಿದ್ದ ಉತ್ತರ ಒಂದೇ, ಕಾಗೆ ಮುಟ್ಟಿದೆ. ನಾನಂತೂ ಕಾಗೆ ಕಂಡರೆ ಮನೆಯೊಳಗೆ ಓಡುತ್ತಿದ್ದೆ.

“ಕಾಗಿ ಮುಟ್ಟತೈತಂತಲ್ರಿ?” ಎಂದು ಗೆಳತಿಯೊಬ್ಬಳು ಕೇಳಿಯೇ ಬಿಟ್ಟಳು.

“ಕಾಗಿಗೆ ಬ್ಯಾರೆ ದಗದ ಇಲ್ಲೇನ?” ಎಂದಳು ಅತ್ತೆ, ಎಳೆ ಹೊಸೆಯುತ್ತಲೇ. “ಹೊಟ್ಟ್ಯಾಗ ಕೂಸಿಗಂತ ಒಂದು ಚೀಲ ಐತಿ. ತಿಂಗಳಿಗೊಮ್ಮೆ ಅದು ಮೆತ್ತನ್ನ ಹಾಸಿಗಿ ಹಾಸ್ತೈತಿ. ಕೂಸು ಇಲ್ಲಂದ್ರ ಆ ಹಾಸಿಗಿ ರಕ್ತಾಗಿ ಹೊರಗ ಬೀಳ್ತೈತಿ. ರೋಗಲ್ಲ, ಪಾಪಲ್ಲ. ಅರಿವಿ ತೊಳದು ಬಿಸಲಾಗ ಒಣಗಿಸ್ರಿ, ಕತ್ತಲ್ಯಾಗ ಮುಚ್ಚಿಡಬ್ಯಾಡ್ರಿ.”

ಇದನ್ನೆಲ್ಲ ಅವಳು ದವಾಖಾನೆಯ ನರ್ಸಬಾಯಿಯೊಬ್ಬಳಿಗೆ ಸಜ್ಜೆ ರೊಟ್ಟಿ ಕೊಟ್ಟು ಕಲಿತಿದ್ದಳಂತೆ. ಪಾಠದ ಭರದಲ್ಲಿ ನಾವು ಹೊಸೆದ ಶಾವಿಗೆ ಮಾತ್ರ ಕಿರುಬೆರಳಿನ ದಪ್ಪ ಬರುತ್ತಿತ್ತು. ಅಪ್ಪ ಅದನ್ನು ತಿನ್ನುತ್ತ, “ಯಾವನೋ ಹಣಿಕಿ ಹಾಕ್ಯಾನ” ಎಂದು ಓಣಿಯ ಗಂಡಸರನ್ನೆಲ್ಲ ಅನುಮಾನಿಸುತ್ತಿದ್ದ.

ಮರುವರ್ಷ ಅತ್ತೆ ಬರುವ ಮುಂಚೆಯೇ ನಾನು ದೊಡ್ಡವಳಾದೆ. ಅವ್ವನ ಹತ್ತಿರ ಹೋಗಿ, “ಅತ್ತಿ ಹೇಳಿದ್ದು ಬಂತಬೇ, ಅರಿವಿ ಕೊಡು” ಎಂದೆ. ಸುದ್ದಿ ತಿಳಿದದ್ದೇ ಅತ್ತೆ ಹಸಿರು ಬಳೆ ತೆಗೆದುಕೊಂಡು ಬಂದಳು.

“ಅಂಜಿದೇನ?”

“ಇಲ್ಲ.”

ಅತ್ತೆ ಬಳೆಯ ಗಂಟು ಬಿಚ್ಚುತ್ತ ನನ್ನ ಮುಂದೆ ಕೂತಳು.

“ನನಗ ಯಾರೂ ಹೇಳಿರಲಿಲ್ಲ ನೋಡವಾ. ಸಾಯ್ತೀನಂತ ತಿಳಿದು ಇಡೀ ದಿನ ಬಣವಿ ಹಿಂದ ಅಡಗಿ ಕುಂತಿದ್ದೆ. ನನ್ನ ಕೈಯಾನ ಬಳಿ ಎಲ್ಲಾ ತಗದು ನಿಮ್ಮಪ್ಪನ ಕೈಗೆ ಹಾಕಿ, ನಾ ಸತ್ತರ ಅಳಬ್ಯಾಡೋ ತಮ್ಮಾ ಅಂದಿದ್ದೆ. ಆಗ ಅವಗ ಮೂರು ವರ್ಷ.”

ಬಳೆ ತೊಟ್ಟ ಅಪ್ಪನನ್ನು ನೆನೆದು ನನಗೆ ನಗು ಬಂತು. ಇದೂ ಅವಳ ಸುಳ್ಳೇ ಇರಬೇಕು, ಈಗ ತಾನೂ ನಗುತ್ತಾಳೆ ಎಂದು ಕಾದೆ. ಅತ್ತೆ ನಗಲಿಲ್ಲ. ನನ್ನ ಕೈ ಹಿಡಿದು ಒಂದೊಂದೇ ಬಳೆ ತೊಡಿಸುತ್ತ ಹೋದಳು.