ಮೀನಿನಂಗಡಿಯ ಬಂಗಾಳಿ

ನಮ್ಮ ಸೋದರಮಾವನಿಗೆ ಬಂಗಾಳಿ ಬರುತ್ತೆ ಅಂತ ಇಡೀ ಸ್ಯಾನ್ ಹೊಸೆಯಲ್ಲಿ ನಂಬಿದ್ದವರು ಇಬ್ಬರೇ. ಒಬ್ಬರು ಸ್ವತಃ ಮಾವ. ಇನ್ನೊಬ್ಬರು ಗ್ರೋಸರಿ ಅಂಗಡಿಯಲ್ಲಿ ಮೀನು ಕತ್ತರಿಸುವ ಯಜಮಾನರು!

ಮಂಡ್ಯದ ನಮ್ಮ ಮಾವ ಯಾವುದನ್ನೂ ನೆಟ್ಟಗೆ ಕಲಿತವರಲ್ಲ. ಈಜು ಕಲಿತದ್ದು ನಾಲೆಗೆ ಬಿದ್ದ ಮೇಲೆ, ಅಡುಗೆ ಕಲಿತದ್ದು ಅತ್ತೆ ಮುನಿಸಿಕೊಂಡ ಮೇಲೆ. ಇಂಥವರ ಮಗಳು, ಬರ್ಕ್ಲಿಯಲ್ಲಿ ಓದುತ್ತಿದ್ದವಳು, ಒಂದು ದಿನ ಬಂದು ಕೊಲ್ಕತ್ತಾ ಮನೆತನದ ಹುಡುಗನನ್ನು ಮದುವೆಯಾಗ್ತೀನಿ ಅಂದಳು. ಮಾವ ಜಾತಿ ಕೇಳಲಿಲ್ಲ, ಸಂಬಳ ಕೇಳಲಿಲ್ಲ. "ಅವರ ಮನೇಲಿ ಹಿರೀಕರು ಯಾರವ್ರೆ?" ಅಂದರು.

ಹುಡುಗನ ಅಜ್ಜಿ ಇದ್ದರು. ತೊಂದರೆ ಏನೆಂದರೆ, ಆ ಅಜ್ಜಿ ಮಾತೇ ಆಡುತ್ತಿರಲಿಲ್ಲ. ಕೇಳಿದ್ದಕ್ಕೆ ಹೂಂ ಅಥವಾ ಉಹೂಂ, ಅಷ್ಟೇ. "ಷಿ ಡಸಂಟ್ ಲೈಕ್ ಮಿ, ಅಪ್ಪಾ" ಅಂತ ಮಗಳು ಅತ್ತಿದ್ದನ್ನು ಮಾವ ನೋಡಿಬಿಟ್ಟರು. ಅವತ್ತೇ ತೀರ್ಮಾನವಾಯಿತು: ಒಪ್ಪುವೀಳ್ಯ ಕೊಡುವುದು ಆ ಅಜ್ಜಿಗೇ, ಕೇಳುವುದು ಅವರ ಭಾಷೆಯಲ್ಲೇ.

"ಇಂಗ್ಲಿಷಲ್ಲಿ ಕೇಳಿದ್ರೆ ಆಗಲ್ವಾ ಮಾವ?" ಅಂದೆ.

"ಇಂಗ್ಲಿಷಲ್ಲಿ ಮಾತಾಡಕ್ಕೆ ನಾನೇನು ಹಳೇ ಕಾರು ಮಾರ್ತಾವ್ನಾ?"

ಫೋನಿನಲ್ಲಿ ಭಾಷೆ ಕಲಿಸುವ ಆ್ಯಪನ್ನು ನಾಲ್ಕು ದಿನ ನೋಡಿ, "ಇದ್ರಲ್ಲಿ ಬರೀ ಸೇಬು ತಿಂತಾರೆ" ಅಂತ ಬಿಟ್ಟರು. ಆಮೇಲೆ ಸಿಕ್ಕಿದವರೇ ಮೀನಂಗಡಿಯ ಯಜಮಾನರು. ಪ್ರತಿ ಶನಿವಾರ ಎರಡು ಮೀನು, ಹತ್ತು ಮಾತು. "ಭಾಷೆ ಬಂತೋ ಬಿಡ್ತೋ, ಫ್ರೀಜರಲ್ಲಿ ಐಸ್ ಇಡೋಕೆ ಜಾಗ ಇಲ್ಲ!" ಅಂತ ಅತ್ತೆ ಗೊಣಗುತ್ತಿದ್ದರು. ಮಾವನಿಗೋ ಖುಷಿಯೋ ಖುಷಿ. "ಮಹಾಪ್ರಾಣದ ರಗಳೆ ಕಮ್ಮಿ ಕಣವ್ವ, ನಮ್ಮಂಡ್ಯದೋರಿಗೇ ಮಾಡ್ಸಿದಂಗದೆ!" ಬಂಗಾಳಿಗೆ ಮಹಾಪ್ರಾಣ ಕಮ್ಮಿ ಅಂದಾಗಲೇ ನಮಗೆ ಅನುಮಾನ ಬರಬೇಕಿತ್ತು.

ಒಪ್ಪುವೀಳ್ಯದ ದಿನ ಲಾಸ್ ಗ್ಯಾಟೋಸ್‌ನ ಹುಡುಗನ ಮನೆಗೆ ಕಾರು ಓಡಿಸಿದ್ದು ನಾನೇ. ಫ್ರೀವೇ ಉದ್ದಕ್ಕೂ ಮಾವ ಪರೀಕ್ಷೆಗೆ ಹೊರಟ ಹುಡುಗನಂತೆ ಗುನುಗುತ್ತಿದ್ದರು. ಬಾಗಿಲು ತೆರೆದ ಬೀಗಿತ್ತಿಗೆ ಕೈಮುಗಿದು, ಗಟ್ಟಿಯಾಗಿ "ಬಾಲಾ ನಿ?" ಅಂದರು. ಚೆನ್ನಾಗಿದ್ದೀರಾ ಅಂತ.

ಬೀಗಿತ್ತಿ ಕಿಸಕ್ಕನೆ ನಕ್ಕರು. "ಇದನ್ನ ಎಲ್ಲಿ ಕಲಿತಿರಿ? ನಾವು ಹೀಗೆ ಮಾತಾಡಲ್ಲ" ಅಂತ ಇಂಗ್ಲಿಷಿನಲ್ಲಿ ಅಂದರು. ಇದು ಬಾಂಗ್ಲಾದೇಶದ ಸಿಲ್ಹೆಟ್ ಕಡೆಯ ಮಾತು ಅಂತ ಹುಡುಗ ಬಿಡಿಸಿ ಹೇಳಿದ. ಮೀನಿನ ಯಜಮಾನರು ಸಿಲ್ಹೆಟ್‌ನವರು! ಧಾರವಾಡದ ಬೀಗರನ್ನು ನೋಡಲು ಕುಂದಾಪುರದ ಕನ್ನಡ ಕಲಿತು ಹೋದ ಹಾಗಾಗಿತ್ತು ನಮ್ಮ ಕತೆ.

"ಅಪ್ಪಾ, ಪ್ಲೀಸ್. ಇಂಗ್ಲಿಷ್" ಅಂತ ಮಗಳು ಪಿಸುಗುಟ್ಟಿದಳು. ಮಾವನ ಮುಖ ಸಣ್ಣಗಾಯಿತು. ಓದುವ ಕಾಲದಲ್ಲಿ ಮಾವ ಬೆಂಗಳೂರಿನ ಹಾಸ್ಟೆಲಿನಲ್ಲಿ "ಆಲು ಕೊಡಿ" ಅಂದಿದ್ದಕ್ಕೆ ಹುಡುಗರೆಲ್ಲ ಬಿದ್ದು ಬಿದ್ದು ನಕ್ಕಿದ್ದರಂತೆ. ಅದಾದ ಮೇಲೆ ತಿಂಗಳುಗಟ್ಟಲೆ ಹಾಲನ್ನೇ ಕೇಳಲಿಲ್ಲವಂತೆ. ಅವತ್ತೂ ಹೀಗೇ ನಿಂತಿದ್ದರೋ ಏನೋ.

ಆದರೂ ವೀಳ್ಯದ ತಟ್ಟೆ ಹಿಡಿದು ಮೂಲೆಯ ಕುರ್ಚಿಯಲ್ಲಿದ್ದ ಅಜ್ಜಿಯ ಹತ್ತಿರ ಹೋದರು. ಬಾಯಿಪಾಠ ಮಾಡಿದ್ದ ಭಾಷಣ ಪೂರ್ತಿ ಮರೆತುಹೋಗಿತ್ತು. ಮೀನಿನ ಯಜಮಾನರು ಪ್ರತಿ ಸಲ ತಮ್ಮ ಡಬ್ಬಿ ತೆರೆದು ಕೇಳುತ್ತಿದ್ದ ಒಂದೇ ಒಂದು ಮಾತು ಉಳಿದಿತ್ತು.

"ಫಾನ್ ಗುವಾ ಖಾಇಬಾ ನಿ?" ಅಂದರು. ಎಲೆ ಅಡಿಕೆ ಹಾಕ್ಕೋತೀರಾ?

ಅಜ್ಜಿ ತಲೆಯೆತ್ತಿದರು. "ಕಿತಾ ಕೊಇಲಾ?" ಏನಂದಿರಿ?

ಮಾವ ಇನ್ನೊಮ್ಮೆ ಅಂದರು. ಅಜ್ಜಿ ಅವರ ಮುಂಗೈ ಹಿಡಿದುಕೊಂಡರು ನೋಡಿ, ಬಿಡಲೇ ಇಲ್ಲ! ಮಾತು ಶುರುವಾಯಿತು. ಬೀಗಿತ್ತಿ ಚಹಾ ಹಿಡಿದು ನಿಂತಲ್ಲೇ ನಿಂತರು. ಬೀಗರು ಕಣ್ಣೊರೆಸಿಕೊಂಡು ನಮಗೆ ಹೇಳಿದರು: ದೇಶ ಒಡೆದಾಗ ಅಮ್ಮ ಹತ್ತು ವರ್ಷದ ಹುಡುಗಿಯಾಗಿ ಸಿಲ್ಹೆಟ್ ಬಿಟ್ಟು ಕೊಲ್ಕತ್ತಾಗೆ ಬಂದರು. ಶಾಲೆಯಲ್ಲಿ ನಕ್ಕರು, ಮದುವೆಯಾದ ಮನೆಯಲ್ಲೂ ನಕ್ಕರು. ಅಮ್ಮ ಮಾತು ಕಡಿಮೆ ಮಾಡಿದರು. "ನಾವೂ ನಕ್ಕಿದ್ದೀವಿ" ಅಂದರು ಬೀಗರು.

ಅರ್ಧ ಗಂಟೆ ಅಜ್ಜಿ ಹೇಳಿದ್ದಕ್ಕೆಲ್ಲ ಮಾವ "ಒಯ್, ಒಯ್", ಹೌದು ಹೌದು ಅಂತ ತಲೆಯಾಡಿಸಿದರು. ಕೊನೆಗೆ ಅಜ್ಜಿ ಮಾವನ ಮಗಳನ್ನು ಹತ್ತಿರ ಕರೆದು, ಒಂದು ಎಲೆಯನ್ನು ಎರಡಾಗಿ ಹರಿದು, ಅರ್ಧವನ್ನು ಅವಳ ಬಾಯಿಗೆ ತಾವೇ ಇಟ್ಟರು. ಜನ್ಮದಲ್ಲಿ ಎಲೆ ಅಡಿಕೆ ಮುಟ್ಟದ ಹುಡುಗಿ ಕಣ್ಣೀರು ಸುರಿಸುತ್ತಾ ಪೂರ್ತಿ ಜಗಿದಳು.

ವಾಪಸ್ ಬರುವಾಗ ಕೇಳಿದೆ, "ಅಜ್ಜಿ ಏನೇನು ಹೇಳಿದ್ರು ಮಾವ?"

"ಎರಡು ಮೀನಿನ ಹೆಸರು ಗೊತ್ತಾಯ್ತು ಕಣವ್ವ. ಇನ್ನೊಂದೂ ಅರ್ತ ಆಗ್ನಿಲ್ಲ."

"ಮತ್ತೆ ಒಯ್ ಒಯ್ ಅಂತಿದ್ರಿ?"

"ಇಷ್ಟು ವರ್ಸ ಬಾಯಿ ಕಟ್ಕೊಂಡು ಕೂತಿದ್ದ ಜೀವ. ತಿಳೀನಿಲ್ಲ ಅಂತ ಎಂಗೆ ಹೇಳ್ಲಿ?" ಅಂದು ಕಿಟಕಿಯ ಕಡೆ ತಿರುಗಿದರು. ಒಂದು ಎಕ್ಸಿಟ್ ದಾಟಿದ ಮೇಲೆ ಮೆಲ್ಲಗೆ ಅಂದರು, "ಇನ್ಮೇಲೆ ಶನಿವಾರ ಒಂದೇ ಸಾಲ್ದು, ದಿನಾ ಮೀನಂಗಡಿಗೆ ಕರ್ಕೊಂಡೋಗು. ಬಿರ್ನೆ ಕಲೀಬೇಕು. ಅವರಿಗೆ ಆಗ್ಲೇ ಎಂಬತ್ತೆಂಟು."